ಮೂಲದಲ್ಲಿ ಹೀಗಿರಲಿಲ್ಲ

ನನ್ನ ಕಿರಿಯ ತಮ್ಮ ವಿಮಾ ಕಚೇರಿಯ ರವಾನೆ ವಿಭಾಗದಲ್ಲಿ ಇಪ್ಪತ್ತಾರು ವರ್ಷದಿಂದ ಲಕೋಟೆಗೆ ಅಂಟು ಹಚ್ಚುತ್ತಿದ್ದಾನೆ. ಕಾಗದವನ್ನು ಬೇರೆ ಯಾರೋ ಬರೆಯುತ್ತಾರೆ, ಬೇರೆ ಯಾರೋ ಮಡಿಸಿ ಒಳಗೆ ತುರುಕುತ್ತಾರೆ. ಇವನ ಪಾಲಿಗೆ ಬರುವುದು ಹೊರಮೈ ಮಾತ್ರ. ವಿಳಾಸ ಬರೆದು, ಸಂಖ್ಯೆ ಹಾಕಿ, ಮುದ್ರೆ ಒತ್ತಿದರೆ ಅವನ ಕೆಲಸ ಮುಗಿಯಿತು. ಒಳಗೆ ಏನಿದೆ ಎಂದು ಒಂದು ದಿನವೂ ಬಿಚ್ಚಿ ನೋಡಿದವನಲ್ಲ. ಆದರೂ ಲಕೋಟೆಯ ದಪ್ಪ ನೋಡಿಯೇ ಒಳಗಿನ ಸಂಗತಿ ಹೇಳಬಲ್ಲೆ ಎಂಬ ಹೆಮ್ಮೆ ಅವನಿಗೆ. ತೆಳ್ಳಗಿದ್ದರೆ ತಿರಸ್ಕಾರ, ದಪ್ಪಗಿದ್ದರೆ ತಕರಾರು, ಎರಡೂ ಅಲ್ಲದಿದ್ದರೆ ಸಂತಾಪ. ಸರಿಯೋ ತಪ್ಪೋ ಯಾರೂ ಪರೀಕ್ಷೆ ಮಾಡದಿದ್ದುದರಿಂದ ಈ ವಿದ್ಯೆ ವರ್ಷದಿಂದ ವರ್ಷಕ್ಕೆ ಬಲಿಯುತ್ತ ಹೋಯಿತು.

ಆ ಕಚೇರಿಗೆ ಹೊಸ ಮ್ಯಾನೇಜರ್ ಬಂದರು. ಒಂದು ದಿನ ಟೀ ಕುಡಿಯುವ ಹೊತ್ತಿನಲ್ಲಿ ಅವರು ಒಂದು ಸಿನಿಮಾದ ಮಾತು ತೆಗೆದರಂತೆ. ಯುದ್ಧದ ಸಿನಿಮಾ. ಆದರೆ ಬಾಂಬು ಬಂದೂಕಿನ ಯುದ್ಧವಲ್ಲ, ಮನಸ್ಸಿನೊಳಗೆ ನಡೆಯುವ ಯುದ್ಧ. ದೂರದ ಯಾವುದೋ ದೇಶದ್ದು.

"ಅದನ್ನ ಮೂಲ ಭಾಷೆಯಲ್ಲೇ ನೋಡಬೇಕು ಕಣ್ರೀ. ಡಬ್ ಮಾಡಿದ್ದು ನೋಡೋದು ಅಂದ್ರೆ ಬೇರೆಯವರು ಅಗಿದುಕೊಟ್ಟದ್ದನ್ನ ನುಂಗಿದ ಹಾಗೆ" ಅಂದರಂತೆ.

"ನಾನೂ ಅಷ್ಟೇ ಸಾರ್. ಯಾವಾಗಲೂ ಮೂಲದಲ್ಲೇ ನೋಡೋದು" ಅಂದನಂತೆ ನನ್ನ ತಮ್ಮ. ಕೈಯಲ್ಲಿ ಅಂಟಿನ ಡಬ್ಬಿ ಇತ್ತು.

"ಆ ಭಾಷೆ ಬರುತ್ತಾ ನಿಮಗೆ?"

"ಭಾಷೆ ಯಾಕೆ ಸಾರ್, ಭಾವ ಬಂದ್ರೆ ಸಾಕು."

ಮ್ಯಾನೇಜರ್ ತಲೆಯೆತ್ತಿ ಅವನನ್ನು ನೋಡಿದರು. ಇಪ್ಪತ್ತಾರು ವರ್ಷದಲ್ಲಿ ಒಬ್ಬ ಮ್ಯಾನೇಜರು ಇವನನ್ನು ತಲೆಯೆತ್ತಿ ನೋಡಿದ್ದು ಅದೇ ಮೊದಲು. "ಹಾಗಾದ್ರೆ ಈ ವಾರ ಹಾಕಿದ್ದಾರಲ್ಲ, ನೋಡಿಬನ್ನಿ. ಸೋಮವಾರ ಮಾತಾಡೋಣ" ಅಂದರು.

ನಾನು ಅಕ್ಷರ ಕಲಿತದ್ದು ನಲವತ್ತೈದು ದಾಟಿದ ಮೇಲೆ, ಸಂಜೆ ಶಾಲೆಯ ಬೆಂಚಿನ ಮೇಲೆ ಕೂತು. ನನಗೆ ಗೊತ್ತಿಲ್ಲ ಎಂದು ಹೇಳುವುದು ಎಷ್ಟು ಸುಲಭ, ಹೇಳಿದ ಮೇಲೆ ಎಷ್ಟು ಹಗುರ ಎಂಬುದು ಅಲ್ಲಿ ತಿಳಿಯಿತು. ಚಿಕ್ಕಂದಿನಲ್ಲೇ ಶಾಲೆಗೆ ಹೋದವರಿಗೆ ಪಾಪ ಆ ಸೌಕರ್ಯವಿಲ್ಲ.

ಶನಿವಾರ ಬೆಳಗಿನ ಆಟಕ್ಕೆ ತಮ್ಮ ಹೊರಟ. ಹೆಂಡತಿ ಬರಲಿಲ್ಲ. "ಅರ್ಥ ಆಗದೇ ಇರೋದನ್ನ ಮನೇಲೇ ದಿನಾ ನೋಡ್ತಿದ್ದೀನಿ" ಅಂದಳು. ಒಬ್ಬನೇ ಹೋಗಲು ಅವನಿಗೆ ಧೈರ್ಯವಿಲ್ಲ. ನನ್ನನ್ನು ಹೊರಡಿಸಿದ.

ಅಷ್ಟು ದೊಡ್ಡ ಚಿತ್ರಮಂದಿರದಲ್ಲಿ ಹನ್ನೊಂದು ಜನ ಇದ್ದೆವು. ಅವರಲ್ಲಿ ನಾಲ್ವರು ಹೊರಗಿನ ಸೆಕೆ ತಾಳದೆ ತಣ್ಣಗೆ ಮಲಗಲು ಬಂದವರು. ಪರದೆಯ ಕೆಳಗಡೆ ಅಕ್ಷರಗಳು ಓಡುತ್ತಿದ್ದವು. ಅವೂ ನಮಗೆ ಬಾರದ ಇನ್ನೊಂದು ಭಾಷೆಯವು. ಬೆಟ್ಟದ ಮೇಲೆ ಒಂದು ಹಿಮ ಮುಚ್ಚಿದ ಠಾಣೆ. ಒಳಗೆ ಉದ್ದನೆಯ ಮೇಜು. ಒಬ್ಬ ಸಿಪಾಯಿ ಆ ಮೇಜಿನ ಹತ್ತಿರ ಕೂತು ಚಮಚಗಳನ್ನು ಬಲಗಡೆಯ ತಟ್ಟೆಯಿಂದ ಎಡಗಡೆಯ ತಟ್ಟೆಗೆ ಹಾಕುತ್ತಾನೆ. ಬಾಗಿಲು ನೋಡುತ್ತಾನೆ. ಎಡದಿಂದ ಬಲಕ್ಕೆ ಒಂದೆರಡು ಹಾಕುತ್ತಾನೆ. ಮತ್ತೆ ಬಾಗಿಲು ನೋಡುತ್ತಾನೆ. ಒಂದೂಕಾಲು ಗಂಟೆ ಇದೇ. ಎಲ್ಲೋ ದೂರದಲ್ಲಿ ಒಮ್ಮೊಮ್ಮೆ ಢಮ್ ಎನ್ನುತ್ತಿತ್ತು. ಆಗ ನನ್ನ ತಮ್ಮ ಅರ್ಥವಾದವನಂತೆ "ಹ್ಞೂಂ" ಎನ್ನುತ್ತಿದ್ದ. ಮಧ್ಯಂತರಕ್ಕೆ ಸ್ವಲ್ಪ ಮುಂಚೆ ಆ ಸಿಪಾಯಿ ಮೊಳದುದ್ದದ ಚಾಕು ತೆಗೆದು ಅದನ್ನೇ ನೋಡುತ್ತ ನಿಂತ. ದೀಪ ಹತ್ತಿತು.

ಮಧ್ಯಂತರದ ನಂತರ ನನ್ನ ತಮ್ಮ ಭಾವದಲ್ಲಿ ಎಷ್ಟು ಮುಳುಗಿದನೆಂದರೆ ಗೊರಕೆ ಹಿಂದಿನ ಸಾಲಿಗೆ ಕೇಳುತ್ತಿತ್ತು. ಅವನು ಕಣ್ಣು ಬಿಟ್ಟಾಗ ಪರದೆಯ ತುಂಬ ಹಿಮ, ಹಿಮದ ಮೇಲೆ ಕೆಂಪು, ಸಾಲಾಗಿ ಮಲಗಿಸಿದ ಜನ, ಪಕ್ಕದಲ್ಲಿ ಅದೇ ಸಿಪಾಯಿ.

ಬಸ್ಸಿನಲ್ಲಿ ಅವನ ಮುಖ ಬಿಳುಚಿಕೊಂಡಿತ್ತು. "ನೋಡಿದೆಯಾ ಅಕ್ಕ? ಚಮಚ ಎಣಿಸ್ತಾ ಎಣಿಸ್ತಾ ಎಲ್ಲರನ್ನೂ ಮುಗಿಸಿಬಿಟ್ಟ."

"ಅವನು ಅಡಿಗೆಯವನು ಅನ್ಸುತ್ತೆ ಕಣೋ. ಆ ಚಾಕುವಲ್ಲಿ ಆಮೇಲೆ ಬ್ರೆಡ್ಡು ಕೊಯ್ದ. ನೀನು ಮಲಗಿದ್ದೆ."

"ನಿನಗೆ ಆ ಭಾಷೆ ಬರುತ್ತಾ?"

"ನಿನಗೆ ಬರುತ್ತಾ?"

"ನನಗೆ ಭಾವ ಬರುತ್ತೆ" ಅಂದ. ತಾಳ್ಮೆಯವಳು ಎಂದು ನನಗೊಂದು ಹೆಸರಿದೆ. ಆ ಹೆಸರು ಉಳಿಸಿಕೊಂಡೆ.

ಸೋಮವಾರ ಮ್ಯಾನೇಜರ ಮುಂದೆ ಇವನು ಅರ್ಧ ಗಂಟೆ ಮಾತಾಡಿದನಂತೆ. ಅವರು ಒಂದೊಂದು ವಾಕ್ಯಕ್ಕೂ ಕಣ್ಣು ಮುಚ್ಚಿ ತಲೆ ಆಡಿಸಿದರಂತೆ. ಕೊನೆಗೆ, "ಕರೆಕ್ಟಾಗಿ ಹಿಡಿದಿದ್ದೀರಿ. ಅಂಥವರು ನಮ್ಮ ಮಧ್ಯೆನೇ ಇರ್ತಾರೆ ಕಣ್ರೀ. ಗುರುತಿಸೋ ಕಣ್ಣು ಬೇಕು ಅಷ್ಟೆ" ಅಂದರಂತೆ. ಇದನ್ನು ಅವರು ಹವಾ ಹೇಗಿದೆ ಎಂಬಂತೆ ಅಂದಿರಬೇಕು. ಆದರೆ ನನ್ನ ತಮ್ಮ ಅದನ್ನು ಕಚೇರಿಯ ಆದೇಶವೆಂದು ತಿಳಿದು, ಗುರುತಿಸುವ ಕಣ್ಣು ಹೊತ್ತುಕೊಂಡು, ಸಂಜೆ ಮನೆಗೆ ಬಂದ.

ನಮ್ಮ ಕಟ್ಟಡದ ಗೇಟಿನಲ್ಲಿ ಕೂತಿದ್ದವನು ನಮ್ಮಿಬ್ಬರ ನಡುವಿನವನು, ನನ್ನ ದೊಡ್ಡ ತಮ್ಮ. ಹದಿನೆಂಟು ವರ್ಷ ಸೈನ್ಯದಲ್ಲಿದ್ದವನು. ಜನ ಅವನನ್ನು ತಮಾಷೆಗೆ ಸೇನಾಪತಿ ಅನ್ನುತ್ತಿದ್ದರು. ಅವನು ಅಲ್ಲಿ ಹಿಡಿದದ್ದು ಸೌಟು. ಅಡಿಗೆ ಮಾಡಿ, ಬಡಿಸಿ, ತಟ್ಟೆ ಎಣಿಸಿ ತೊಳೆದಿಡುವುದು ಅವನ ಕೆಲಸವಾಗಿತ್ತು. ಮದುವೆಯಾಗಲಿಲ್ಲ. ಸೈನ್ಯ ಬಿಟ್ಟು ಬಂದಾಗ ನಮ್ಮ ಮನೆಯಲ್ಲಿ ಜಾಗವಿರಲಿಲ್ಲ. ಜಾಗವಿರಲಿಲ್ಲ ಎಂದರೆ ಕಿರಿಯವನ ಹೆಂಡತಿಯ ಹೊಲಿಗೆ ಮಿಷನ್ ಇತ್ತು. ಹಾಗಾಗಿ ಗೇಟಿನ ಕೆಲಸ ಹಿಡಿದ. ಕೆಲಸದ ಜೊತೆಗೆ ಒಂದು ಕೋಣೆ. ಮಂಚ ಹಾಕಿದರೆ ಬಾಗಿಲು ಪೂರ್ತಿ ತೆರೆಯುತ್ತಿರಲಿಲ್ಲ, ಆದರೂ ಅವನದು ಎಂದು ಭೂಮಿಯ ಮೇಲೆ ಇದ್ದದ್ದು ಅದೊಂದೇ.

ಅವನ ಹತ್ತಿರ ಒಂದು ಬಿಸ್ಕತ್ತಿನ ತಗಡಿನ ಡಬ್ಬಿ. ನಡುವೆ ರಟ್ಟು ನಿಲ್ಲಿಸಿ ಎರಡು ಭಾಗ ಮಾಡಿದ್ದ. ಹದಿನಾರು ಮನೆ, ಅರವತ್ತೊಂದು ಜನ. ಒಬ್ಬೊಬ್ಬರಿಗೆ ಒಂದೊಂದು ಅಂಗಿ ಗುಂಡಿ. ಯಾರಾದರೂ ಗೇಟು ದಾಟಿ ಹೊರಗೆ ಹೋದರೆ ಅವರ ಗುಂಡಿ ಬಲಗಡೆಯಿಂದ ಎಡಗಡೆಗೆ ಹೋಗುತ್ತಿತ್ತು. ಮರಳಿ ಬಂದರೆ ಬಲಗಡೆಗೆ ಬರುತ್ತಿತ್ತು. ಎಡಗಡೆ ಖಾಲಿಯಾಗುವವರೆಗೆ ಅವನು ಊಟ ಮಾಡುತ್ತಿರಲಿಲ್ಲ. ಯಾಕೋ ಹೀಗೆ ಎಂದು ನಾನು ಒಮ್ಮೆ ಕೇಳಿದ್ದೆ. "ಒಂದಿನ ಮೂವತ್ತನಾಲ್ಕು ತಟ್ಟೆ ಹಾಕಿಟ್ಟಿದ್ದೆ ಅಕ್ಕ. ಒಂಬತ್ತೇ ಬೇಕಾಯ್ತು" ಅಂದಿದ್ದ.

ಕಿರಿಯವನು ಇದನ್ನು ಒಂಬತ್ತು ವರ್ಷದಿಂದ ದಿನಕ್ಕೆರಡು ಸಲ ನೋಡಿದ್ದ. ಆ ಸೋಮವಾರ ಸಂಜೆ ಮಾತ್ರ ಮೊದಲ ಬಾರಿಗೆ ಕಂಡಿತು. ಅಣ್ಣ ಇವನ ಗುಂಡಿ ತೆಗೆದು ಎಡದಿಂದ ಬಲಕ್ಕೆ ಹಾಕಿ, "ಬಂದೆಯಾ?" ಅಂದ. ಇವನು ಮೂರು ಮಹಡಿ ಓಡಿ ಹತ್ತಿ ಒಳಗಿನಿಂದ ಚಿಲಕ ಹಾಕಿದ.

"ಅಕ್ಕ, ಅಣ್ಣನಿಗೆ ಶುರುವಾಗಿದೆ."

"ಏನು ಶುರುವಾಗಿದೆ?"

"ಸಿನಿಮಾ!"

ಮರುದಿನ ಕೆಳಮನೆಯ ಔಷಧಿ ಅಂಗಡಿಯವರಿಗೆ ಹೇಳಿದ, ಗುಟ್ಟಾಗಿ. ಅವರು ತಮ್ಮ ಹೆಂಡತಿಗೆ ಇನ್ನೂ ಗುಟ್ಟಾಗಿ ಹೇಳಿದರು. ಬುಧವಾರದ ಹೊತ್ತಿಗೆ ಹದಿನಾರು ಮನೆಯವರೂ ಒಬ್ಬರಿಗೊಬ್ಬರು ಕಾಣದಂತೆ ಒಂದೇ ಗುಟ್ಟನ್ನು ಬಚ್ಚಿಟ್ಟುಕೊಂಡು ಓಡಾಡುತ್ತಿದ್ದರು. ಗೇಟು ಬಂದಾಗ ಮಾತು ನಿಲ್ಲಿಸಿ, ತಲೆ ತಗ್ಗಿಸಿ, ಬೇಗ ಬೇಗ ದಾಟುತ್ತಿದ್ದರು. ದೊಡ್ಡ ತಮ್ಮ ಎಂದಿನಂತೆ ಎದ್ದು ನಿಂತು ಗುಂಡಿ ಬದಲಿಸುತ್ತಿದ್ದ. "ಎಲ್ಲರಿಗೂ ಏನೋ ಅವಸರ ಅಕ್ಕ ಈ ವಾರ" ಅಂದ ನನ್ನ ಹತ್ತಿರ.

ಭಾನುವಾರ ಬೆಳಿಗ್ಗೆ ಕಟ್ಟಡದ ಸಂಘದ ಸಭೆ ಕರೆದರು. ಸಂಘದ ಕಾರ್ಯದರ್ಶಿಗಳು ಶಾಲಾ ತಪಾಸಣಾಧಿಕಾರಿಯಾಗಿ ನಿವೃತ್ತರಾದವರು. ನಿವೃತ್ತಿಯ ದಿನ ಎಲ್ಲವನ್ನೂ ಹಿಂದಿರುಗಿಸಿ ಕೆಂಪು ಪೆನ್ಸಿಲ್ ಒಂದನ್ನು ಮಾತ್ರ ಜೇಬಿನಲ್ಲಿಟ್ಟುಕೊಂಡು ಬಂದಿದ್ದರು. ನನ್ನ ಕಿರಿಯ ತಮ್ಮ ಇಸ್ತ್ರಿ ಮಾಡಿದ ನೀಲಿ ಅಂಗಿ ಹಾಕಿಕೊಂಡು, ಮನೆಯಿಂದ ಹನ್ನೆರಡು ಚಮಚ ತಂದು, ಸಿನಿಮಾವನ್ನು ಅಭಿನಯಿಸಿ ತೋರಿಸಿದ. ತಾನು ನಿದ್ದೆ ಹೋದ ಭಾಗವನ್ನು ಇನ್ನೂ ಚೆನ್ನಾಗಿ ಅಭಿನಯಿಸಿದ. ಹೆಂಗಸರು ಮಕ್ಕಳ ಕಿವಿ ಮುಚ್ಚಿದರು. ಆ ಮಕ್ಕಳು ಬೆರಳ ಸಂದಿಯಿಂದ ಕೇಳಿಸಿಕೊಂಡರು.

"ಇದೆಲ್ಲ ನೀವು ಮೂಲ ಭಾಷೆಯಲ್ಲೇ ನೋಡಿದ್ದು ತಾನೇ?" ಕಾರ್ಯದರ್ಶಿಗಳು ಕೇಳಿದರು.

"ಮೂಲದಲ್ಲೇ ಸಾರ್. ಒಂದಕ್ಷರ ಬಿಡದೆ."

ಸಭೆಗೆ ಅದು ಸಾಕಾಯಿತು. ದೊಡ್ಡ ತಮ್ಮನನ್ನು ಡಬ್ಬಿಯ ಸಮೇತ ಕರೆಸಿದರು. ಅವನು ಬಂದು ಬಾಗಿಲ ಹತ್ತಿರ, ಗೇಟು ಕಾಣುವಂತೆ ನಿಂತ.

"ಇದೇನು?"

"ನೀವೆಲ್ಲ ಸಾರ್."

ಕುರ್ಚಿಗಳು ಕಿರುಗುಟ್ಟಿದವು.

"ಇದರಲ್ಲಿ ನಾನು ಯಾವುದು?" ಔಷಧಿ ಅಂಗಡಿಯವರು ಬಗ್ಗಿ ನೋಡಿದರು.

"ಆ ಬಿಳೀದು ಸಾರ್. ಅಂಚು ಒಡೆದಿದೆಯಲ್ಲ, ಅದು."

"ಒಡೆದಿರೋದಾ? ಈ ಕಟ್ಟಡಕ್ಕೆ ಮೊದಲು ಬಂದವನು ನಾನು! ನನಗೆ ಒಡೆದ ಗುಂಡಿ! ಕಾರ್ಯದರ್ಶಿಗಳಿಗೆ ಯಾವುದು ಕೊಟ್ಟಿದ್ದೀಯ?"

"ಅವರದು ಕೋಟಿನ ಗುಂಡಿ ಸಾರ್. ದೊಡ್ಡದು."

ಕಾರ್ಯದರ್ಶಿಗಳ ಮುಖ ಒಂದು ಕ್ಷಣ ಅರಳಿತು. ತಕ್ಷಣ ಸಂದರ್ಭ ನೆನಪಾಗಿ ಮುದುಡಿಕೊಂಡಿತು. ಆಮೇಲೆ ಕಾಲು ಗಂಟೆ ಸಭೆ ಬೇರೆ ದಾರಿ ಹಿಡಿಯಿತು. ನಂದು ಯಾಕೆ ಚಿಕ್ಕದು, ಎದುರು ಮನೆಯವರಿಗೆ ಯಾಕೆ ನಾಲ್ಕು ತೂತಿನದು, ನಮ್ಮ ಮಗುವಿಗೆ ಬಣ್ಣ ಹೋದದ್ದು ಯಾಕೆ ಎಂದು ಹದಿನಾರು ಮನೆಯವರೂ ಎದ್ದು ನಿಂತರು. ಕಿರಿಯವನ ಹೆಂಡತಿಯೂ, "ನಂದು ಯಾವುದು ಭಾವ?" ಅಂದಳು.

"ನಿಂದು ಒತ್ತುಗುಂಡಿ ಕಣಮ್ಮ."

"ಯಾಕೆ?"

"ಒಳಗೆ ಬಂದ ಕೂಡಲೇ ಟಪ್ ಅಂತ ಸದ್ದು ಬರುತ್ತೆ."

ಇಷ್ಟೊಂದು ಗುಂಡಿ ಎಲ್ಲಿಂದ ಬಂತು ಎಂಬ ಪ್ರಶ್ನೆ ಬಂದಾಗ ಎರಡನೇ ಮಹಡಿಯ ದರ್ಜಿ ಹೆಂಗಸು ಮೆಲ್ಲಗೆ, "ನಾನೇ ಕೊಟ್ಟಿದ್ದು. ಅವರು ಯಾರಿಗೇನು ಮಾಡಿದ್ದಾರೆ?" ಅಂದಳು. ಅರವತ್ತು ತಲೆಗಳು ಅವಳ ಕಡೆ ತಿರುಗಿದವು. "ಅಂದ್ರೆ, ಕೇಳಿದ್ರು, ಕೊಟ್ಟೆ. ಯಾಕೆ ಅಂತ ನನಗೇನು ಗೊತ್ತು?" ಎಂದು ಕೂತುಬಿಟ್ಟಳು.

ಕಾರ್ಯದರ್ಶಿಗಳು ಕೆಂಪು ಪೆನ್ಸಿಲ್ಲಿನಿಂದ ಮೇಜು ತಟ್ಟಿದರು. "ಇದರಲ್ಲಿ ನಿನ್ನ ಗುಂಡಿ ಯಾವುದಪ್ಪ?"

"ನಂದಿಲ್ಲ ಸಾರ್. ಎಣಿಸೋನಿಗೆ ಯಾಕೆ?"

"ನೋಡಿದ್ರಾ!" ಎಂದು ಕೂಗಿದ ಕಿರಿಯವನು. "ಸಿನಿಮಾದಲ್ಲೂ ಅಷ್ಟೇ! ಅವನಿಗೆ ಅಂತ ಚಮಚ ಇರಲಿಲ್ಲ!"

"ಎಣಿಸೋದು ಯಾಕೆ ಅಂತ ಹೇಳು."

"ಹೋದೋರು ಬಂದ್ರಾ ಅಂತ ಸಾರ್."

"ಬರದೇ ಇದ್ರೆ?"

ದೊಡ್ಡ ತಮ್ಮ ಡಬ್ಬಿಯ ಮುಚ್ಚಳ ಹಾಕಿದ. "ಬರದೇ ಇದ್ರೆ ಹೋಗಿ ತರ್ತೀನಿ" ಅಂದ.

ಮುಂದಿನ ಸಾಲಿನವರು ಕುರ್ಚಿ ಹಿಂದಕ್ಕೆ ಎಳೆದುಕೊಂಡರು. ಇಷ್ಟು ಪ್ರೀತಿಯ ಮಾತನ್ನು ಆ ಕಟ್ಟಡದಲ್ಲಿ ಅದಕ್ಕೆ ಮೊದಲು ಯಾರೂ ಯಾರಿಗೂ ಆಡಿರಲಿಲ್ಲ. ಹಾಗಾಗಿ ಯಾರಿಗೂ ಅದರ ಗುರುತು ಸಿಗಲಿಲ್ಲ.

ಆಗ ನಾಲ್ಕನೇ ಮಹಡಿಯ ಟೈಪಿಸ್ಟ್ ಅಜ್ಜ ಎದ್ದರು. ಎರಡು ವರ್ಷದ ಹಿಂದೆ ಅವರು ವಾಕಿಂಗ್ ಹೋದವರು ತಲೆ ಸುತ್ತಿ ಪಾರ್ಕಿನ ಬೆಂಚಿನ ಹಿಂದೆ ಬಿದ್ದಿದ್ದರು. ಎಡಗಡೆ ಒಂದು ಗುಂಡಿ ಉಳಿದಿದೆ ಎಂದು ನನ್ನ ದೊಡ್ಡ ತಮ್ಮನೇ ಹುಡುಕಿಕೊಂಡು ಹೋಗಿ, ಬೆನ್ನ ಮೇಲೆ ಹೊತ್ತು ತಂದು, ನಾಲ್ಕು ಮಹಡಿ ಹತ್ತಿಸಿದ್ದ. ಸದ್ಯ, ಒಬ್ಬರಾದರೂ ಬಾಯಿ ಬಿಟ್ಟರಲ್ಲ ಎಂದು ನಾನು ಅಲ್ಲಿಯವರೆಗೆ ಹಿಂಡುತ್ತಿದ್ದ ಸೆರಗಿನ ತುದಿ ಬಿಟ್ಟೆ.

"ಅವತ್ತು ನನ್ನನ್ನ ಒಬ್ಬನೇ ಎತ್ತಿಕೊಂಡು ಬಂದ" ಅಂದರು ಅಜ್ಜ. "ಆ ವಯಸ್ಸಿನ ಮನುಷ್ಯನಿಗೆ ಅಷ್ಟು ಶಕ್ತಿ ಎಲ್ಲಿಂದ ಬಂತು? ನನಗೆ ಆಗಲೇ ಅನುಮಾನ ಬಂದಿತ್ತು."

ನಾನೂ ಏಳಬೇಕೆಂದಿದ್ದೆ. ಅವನು ಹಾಗಲ್ಲ, ಸಿನಿಮಾನೂ ಹಾಗಲ್ಲ, ಇವನು ನಿದ್ದೆ ಹೊಡೆದ ಅನ್ನಬೇಕೆಂದಿದ್ದೆ. ಆದರೆ ನಾನು ಇರುವುದು ಕಿರಿಯವನ ಮನೆಯಲ್ಲಿ. ಅಲ್ಲಿಯೂ ಜಾಗ ಸ್ವಲ್ಪವೇ. ಕುರ್ಚಿಯ ಕೈ ಹಿಡಿದುಕೊಂಡೆ. ಅದು ಪ್ಲಾಸ್ಟಿಕ್ಕಿನದು, ಹಿಡಿದಷ್ಟೂ ಬಾಗುತ್ತಿತ್ತು.

ಡಾಕ್ಟರಿಂದ ಸರ್ಟಿಫಿಕೇಟ್ ತಂದರೆ ಕೆಲಸದಲ್ಲಿ ಇಟ್ಟುಕೊಳ್ಳುವುದು, ಇಲ್ಲವಾದರೆ ತೆಗೆದುಹಾಕುವುದು ಎಂದು ತೀರ್ಮಾನವಾಯಿತು. ಕೆಲಸ ಹೋದರೆ ಕೋಣೆಯೂ ಹೋಗುತ್ತದೆ. ಮಂಗಳವಾರ ಮನಸ್ಸಿನ ಡಾಕ್ಟರ ಹತ್ತಿರ ನಾವು ನಾಲ್ವರು ಹೋದೆವು: ಇಬ್ಬರು ತಮ್ಮಂದಿರು, ಕಾರ್ಯದರ್ಶಿಗಳು, ನಾನು.

"ಏನು ತೊಂದರೆ?" ಡಾಕ್ಟರು ದೊಡ್ಡ ತಮ್ಮನನ್ನು ಕೇಳಿದರು.

"ನನಗೇನಿಲ್ಲ ಡಾಕ್ಟ್ರೇ. ಇವರಿಗೆ ನಿದ್ದೆ ಬರ್ತಿಲ್ಲವಂತೆ."

"ಇವನು ಜನರನ್ನ ಡಬ್ಬೀಲಿ ಹಾಕ್ತಾನೆ ಡಾಕ್ಟ್ರೇ" ಅಂದ ಕಿರಿಯವನು.

ಡಾಕ್ಟರು ಕನ್ನಡಕ ತೆಗೆದರು. ಡಬ್ಬಿ ನೋಡಿದರು. ಅರ್ಧ ಗಂಟೆ ದೊಡ್ಡವನನ್ನು ಒಬ್ಬನನ್ನೇ ಕೂರಿಸಿಕೊಂಡು ಮಾತಾಡಿದರು. ಆಮೇಲೆ ಕಿರಿಯವನನ್ನು ಕರೆದು, "ನಿಮಗೆ ಇದೆಲ್ಲ ಯಾರು ಹೇಳಿದ್ದು?" ಎಂದು ಕೇಳಿದರು. ಇವನು ಸಿನಿಮಾ ಕಥೆ ಶುರು ಮಾಡಿದ. ಚಮಚದ ಭಾಗಕ್ಕೆ ಬರುವಷ್ಟರಲ್ಲಿ ಡಾಕ್ಟರು ಇವನ ಮುಖವನ್ನೇ ನೋಡುತ್ತ ಕಾಗದದ ಮೇಲೆ ಏನೋ ಗುರುತು ಹಾಕಿಕೊಳ್ಳತೊಡಗಿದರು. "ಅವರು ಹೋಗಬಹುದು. ನೀವು ಬೇಕಾದ್ರೆ ಮುಂದಿನ ವಾರ ಒಂದ್ಸಲ ಬನ್ನಿ" ಅಂದರು.

ಸರ್ಟಿಫಿಕೇಟಿನಲ್ಲಿ ಹೀಗೆ ಬರೆದಿತ್ತು: 'ಇವರನ್ನು ಪರೀಕ್ಷಿಸಿದ್ದೇನೆ. ಸದ್ಯಕ್ಕೆ ಯಾವ ಮಾನಸಿಕ ತೊಂದರೆಯೂ ಕಂಡುಬಂದಿಲ್ಲ. ಕೆಲಸಕ್ಕೆ ಯೋಗ್ಯರು.'

ನಾನು ಅದನ್ನು ಎರಡು ಸಲ ಓದಿದೆ. ಬಸ್ಸಿನಲ್ಲಿ ದೊಡ್ಡವನಿಗೂ ಓದಿ ಹೇಳಿದೆ. "ಮೂರು ಗಂಟೆಯಾಯ್ತು ಅಕ್ಕ. ಶಾಲೆ ಬಿಡುತ್ತೆ, ಮಕ್ಕಳು ಬರ್ತಾವೆ, ಗೇಟಲ್ಲಿ ಯಾರೂ ಇಲ್ಲ" ಎಂಬುದೊಂದೇ ಅವನ ಚಿಂತೆ.

ಸಂಜೆಯ ಸಭೆಯಲ್ಲಿ ಕಾರ್ಯದರ್ಶಿಗಳು ಎದ್ದು ನಿಂತು ಸರ್ಟಿಫಿಕೇಟನ್ನು ಓದಿದರು. 'ಸದ್ಯಕ್ಕೆ' ಎಂಬ ಮಾತಿನ ಕೆಳಗೆ ಕೆಂಪು ಗೆರೆ ಎಳೆದರು. "ಸದ್ಯಕ್ಕೆ ಅಂದ್ರೆ ಇವತ್ತಿಗೆ. ನಾಳೆಗೆ ಯಾರು ಹೊಣೆ?"

"ಅಲ್ಲದೆ ಇನ್ನೊಂದು ವಿಷಯ" ಅಂದರು ಔಷಧಿ ಅಂಗಡಿಯವರು; ಒಡೆದ ಗುಂಡಿ ಅವರ ಎದೆಯಲ್ಲಿ ಇನ್ನೂ ಚುಚ್ಚುತ್ತಿತ್ತು. "ನಮ್ಮಲ್ಲಿ ಯಾರಾದ್ರೂ ತಲೆ ಸರಿ ಇದೆ ಅಂತ ಸರ್ಟಿಫಿಕೇಟ್ ಇಟ್ಕೊಂಡಿದ್ದೀವಾ? ಇಲ್ಲ. ನಮಗೆ ಬೇಕಾಗಿಲ್ಲ. ಇವರ ಹತ್ತಿರ ಇದೆ. ಅಂದ ಮೇಲೆ ನೀವೇ ಯೋಚನೆ ಮಾಡಿ."

ಎಲ್ಲರೂ ಯೋಚನೆ ಮಾಡಿದರು. ಎಷ್ಟು ಬೇಗ ಮಾಡಿದರೆಂದರೆ ಹತ್ತು ನಿಮಿಷದಲ್ಲಿ ಅರವತ್ತೊಂದು ಜನರ ಪರವಾಗಿ ಹದಿನಾರು ಸಹಿ ಬಿದ್ದವು. ನಮ್ಮ ಮನೆಯ ಸಹಿ ಕಿರಿಯವನದು. ಸಹಿಯ ಪಕ್ಕ ಅಭ್ಯಾಸಬಲದಿಂದ ರವಾನೆ ಸಂಖ್ಯೆಯನ್ನೂ ಹಾಕಿದ.

ಮರುದಿನ ಬೆಳಿಗ್ಗೆ ಎಲ್ಲರೂ ಕೆಲಸಕ್ಕೆ ಹೊರಡುವ ಮೊದಲೇ ದೊಡ್ಡವನು ಮೇಲೆ ಬಂದ. ಒಂದು ಟ್ರಂಕು, ಒಂದು ಹಾಸಿಗೆ ಸುತ್ತು. ರಸ್ತೆ ಹಾಕುವವರ ಶಿಬಿರದಲ್ಲಿ ಅಡಿಗೆ ಕೆಲಸ ಇದೆಯಂತೆ, ದೂರ. ಹೋಗಿ ಸೇರಿದ ಮೇಲೆ ತಿಳಿಸುತ್ತೇನೆ ಅಂದ. ಕಿರಿಯವನು ಬಚ್ಚಲಲ್ಲಿದ್ದ, ಅಣ್ಣ ಹೋಗುವವರೆಗೂ ಬಚ್ಚಲಲ್ಲೇ ಇದ್ದ, ನಲ್ಲಿ ಬಿಟ್ಟುಕೊಂಡು.

ದೊಡ್ಡವನು ನನ್ನ ಕೈಗೆ ಡಬ್ಬಿ ಕೊಟ್ಟ.

"ಅರವತ್ತೊಂದೂ ಇದೆ ಅಕ್ಕ. ಎಲ್ಲರೂ ಒಳಗಿದ್ದಾರೆ. ನೋಡ್ಕೋ."

ನಾನು ಮುಚ್ಚಳ ತೆಗೆದು ನೋಡಿದೆ. ಎಡಗಡೆ ಖಾಲಿ ಇತ್ತು. ಕೆಲಸ ಒಪ್ಪಿಸುವುದೆಂದರೆ ಅವನಿಗೆ ಹೀಗೆ. ಅವನು ಗೇಟು ದಾಟುವುದನ್ನು ಕಿಟಕಿಯಿಂದ ನೋಡಿದೆ. ಹಿಂದಕ್ಕೆ ತಿರುಗಿ ಅಗುಳಿ ಸರಿಯಾಗಿ ಬಿದ್ದಿದೆಯೇ ಎಂದು ಎರಡು ಸಲ ಎಳೆದು ನೋಡಿ ಹೋದ.

ಗೇಟಿಗೆ ಕ್ಯಾಮೆರಾ ಹಾಕಿಸಿದರು. ಬಹಳ ಒಳ್ಳೆಯ ಕ್ಯಾಮೆರಾ. ಅದು ಎಲ್ಲರನ್ನೂ ನೋಡುತ್ತದೆ, ಯಾರನ್ನೂ ಕಾಯುವುದಿಲ್ಲ. ಎರಡು ತಿಂಗಳ ಮೇಲೆ ಟೈಪಿಸ್ಟ್ ಅಜ್ಜ ಮತ್ತೆ ವಾಕಿಂಗ್ ಹೋದವರು ಮತ್ತೆ ಬಿದ್ದರು. ಬೆಳಿಗ್ಗೆ ಪಾರ್ಕು ಗುಡಿಸುವವರು ನೋಡಿ ಹೇಳಿದ ಮೇಲೆ ಗೊತ್ತಾಯಿತು. ಜೀವಕ್ಕೇನೂ ಆಗಲಿಲ್ಲ, ಸೊಂಟ ಹೋಯಿತು. ಕ್ಯಾಮೆರಾ ತೆಗೆದು ನೋಡಿದಾಗ ಅಜ್ಜ ಹೊರಗೆ ಹೋದದ್ದು ಅತ್ಯಂತ ಸ್ಪಷ್ಟವಾಗಿ ದಾಖಲಾಗಿತ್ತು. ಕಾರ್ಯದರ್ಶಿಗಳು ಅದನ್ನು ಬಂದವರಿಗೆಲ್ಲ ಹೆಮ್ಮೆಯಿಂದ ತೋರಿಸಿದರು. ಅಂಗಿಯ ಗೀಟು ಕೂಡ ಎಣಿಸಬಹುದಿತ್ತು.

ಏಳನೇ ತಿಂಗಳಲ್ಲಿ ಆ ಸಿನಿಮಾ ನಮ್ಮ ಭಾಷೆಗೆ ಡಬ್ ಆಗಿ ಬಂತು. ಕಟ್ಟಡಕ್ಕೇ ಹೆಸರು ತಂದ ಸಿನಿಮಾ ಎಂದು ಸಂಘದವರು ಅದನ್ನು ಭಾನುವಾರ ಮಧ್ಯಾಹ್ನ ಸಭಾಂಗಣದಲ್ಲಿ ದೊಡ್ಡ ಟಿವಿಯಲ್ಲಿ ಹಾಕಿಸಿದರು. ನನ್ನ ತಮ್ಮನಿಗೆ ಮುಂದಿನ ಸಾಲಿನಲ್ಲಿ ಕುರ್ಚಿ. ಈಗ ಅವನನ್ನು ಎಲ್ಲರೂ ಮೂಲಭಾಷೆ ಸಾಹೇಬರು ಅನ್ನುತ್ತಿದ್ದರು. ಅದೇ ನೀಲಿ ಅಂಗಿ ಹಾಕಿಕೊಂಡಿದ್ದ. ಪಕ್ಕದಲ್ಲಿ ಮುಖ್ಯ ಅತಿಥಿಯಾಗಿ ಅವನ ಮ್ಯಾನೇಜರು.

"ಎರಡನೇ ಸಲ ನೋಡ್ತಿದ್ದೀರಿ ಸಾರ್, ಬೇಜಾರಾಗಲ್ಲ ತಾನೇ?" ಕಾರ್ಯದರ್ಶಿಗಳು ಉಪಚಾರದ ಮಾತಾಡಿದರು.

"ಎರಡನೇ ಸಲ ಎಲ್ಲಿ? ಈಗಲೇ ಮೊದಲು ನೋಡ್ತಿರೋದು" ಅಂದರು ಮ್ಯಾನೇಜರು. "ಆಗ ಪೇಪರಲ್ಲಿ ಬಂದಿದ್ದು ಓದಿದ್ದೆ ಅಷ್ಟೆ. ಆ ಭಾಷೆ ಯಾರಿಗೆ ಬರುತ್ತೆ ಸ್ವಾಮಿ?"

ಸಿನಿಮಾ ಶುರುವಾಯಿತು. ಹಿಮ, ಠಾಣೆ, ಮೇಜು. ಈ ಸಲ ಆ ಸಿಪಾಯಿ ನಮ್ಮ ಮಾತಾಡಿದ. ಅವನು ಅಡಿಗೆಯವನೇ. ಬೆಳಿಗ್ಗೆ ಗಸ್ತಿಗೆ ಹೋದ ಪ್ರತಿಯೊಬ್ಬನಿಗೂ ಒಂದು ಚಮಚ ಎಡಗಡೆಗೆ. ಬಂದವನದು ಬಲಗಡೆಗೆ. "ಎಲ್ಲರೂ ಬರಲಿ, ಆಮೇಲೆ ನಾನು ಊಟ ಮಾಡ್ತೀನಿ" ಎಂದು ಗೋಡೆಗೆ ಹೇಳಿಕೊಳ್ಳುತ್ತಿದ್ದ. ದೊಡ್ಡ ಚಾಕು ಕಲ್ಲಿನಂತಾದ ಬ್ರೆಡ್ಡು ಕೊಯ್ಯುವುದಕ್ಕೆ. ಕೊಯ್ದ ಚೂರುಗಳು ಮೇಜಿನ ಮೇಲೆಯೇ ಒಣಗಿದವು. ಎಡಗಡೆಯ ಚಮಚ ಕಡಿಮೆಯಾಗಲಿಲ್ಲ. ಆಗ ಅವನು ಏಪ್ರನ್ನು ಬಿಚ್ಚದೆ ಹಿಮದೊಳಗೆ ನಡೆದು, ಶತ್ರುಗಳು ಕೊಂದು ಬಿಸಾಡಿದ ತನ್ನವರನ್ನು ಒಬ್ಬೊಬ್ಬರನ್ನಾಗಿ ಬೆನ್ನ ಮೇಲೆ ಹೊತ್ತು ತಂದು ಸಾಲಾಗಿ ಮಲಗಿಸಿ, ಒಂದೊಂದೇ ಚಮಚ ಬಲಗಡೆಗೆ ಹಾಕಿದ.

ದೀಪ ಹತ್ತಿದಾಗ ಸಭಾಂಗಣದಲ್ಲಿ ಮೂಗೆಳೆಯುವ ಸದ್ದು. ಔಷಧಿ ಅಂಗಡಿಯವರು ಕರವಸ್ತ್ರ ಒದ್ದೆ ಮಾಡಿಕೊಂಡಿದ್ದರು. ದರ್ಜಿ ಹೆಂಗಸು ಬಿಕ್ಕುತ್ತಿದ್ದಳು. ಗಾಲಿಕುರ್ಚಿಯಲ್ಲಿದ್ದ ಟೈಪಿಸ್ಟ್ ಅಜ್ಜ, "ಎಂಥಾ ಮನುಷ್ಯ! ಅಂಥವರು ಈಗ ಎಲ್ಲಿದ್ದಾರೆ?" ಅಂದರು.

ಹಾಗೆ ಅಂದ ಮೇಲೆ ಅವರಿಗೇ ಏನೋ ಹೊಳೆಯಿತು. ಇತರರಿಗೂ ಒಬ್ಬೊಬ್ಬರಾಗಿ ಹೊಳೆಯತೊಡಗಿತು. ಯಾರೂ ಯಾರ ಮುಖವನ್ನೂ ನೋಡಲಿಲ್ಲ. ಮುಖ್ಯವಾಗಿ ನನ್ನ ಮುಖವನ್ನು ನೋಡಲಿಲ್ಲ. ಕಾರ್ಯದರ್ಶಿಗಳ ಕೈ ಜೇಬಿನ ಕೆಂಪು ಪೆನ್ಸಿಲ್ ತಡಕಿ ಸುಮ್ಮನಾಯಿತು. ಕೊನೆಗೆ ಎಲ್ಲರ ಕಣ್ಣೂ ಮುಂದಿನ ಸಾಲಿನ ನೀಲಿ ಅಂಗಿಯ ಮೇಲೆ ನಿಂತವು.

ನನ್ನ ಕಿರಿಯ ತಮ್ಮ ಎದ್ದ. ಮುಖ ಹನ್ನೊಂದು ಜನರ ಚಿತ್ರಮಂದಿರದಂತಿತ್ತು. ಒಂದು ಗಳಿಗೆ, ಒಂದೇ ಒಂದು ಗಳಿಗೆ, ಅವನು ಗೊತ್ತಿರಲಿಲ್ಲ ಎಂದು ಹೇಳಿಬಿಡುತ್ತಾನೆ ಅಂದುಕೊಂಡೆ.

"ಡಬ್ ಮಾಡಿದೋರು ಅರ್ಥಾನೇ ಬದಲಾಯಿಸಿಬಿಟ್ಟಿದ್ದಾರೆ" ಅಂದ. "ಮೂಲದಲ್ಲಿ ಹೀಗಿರಲಿಲ್ಲ."

ಸಭಾಂಗಣದಲ್ಲಿ ಒಂದು ದೊಡ್ಡ ಉಸಿರು ಹೊರಬಿತ್ತು.

"ಅದನ್ನೇ ಅಂದ್ಕೊಂಡೆ ನಾನೂ" ಅಂದರು ಔಷಧಿ ಅಂಗಡಿಯವರು, ಕರವಸ್ತ್ರ ಮಡಿಸುತ್ತ.

"ಈ ಡಬ್ಬಿಂಗ್‌ನೋರ ಹಣೆಬರಹವೇ ಇಷ್ಟು" ಅಂದರು ಕಾರ್ಯದರ್ಶಿಗಳು.

"ಅದಕ್ಕೇ ನಾನು ಯಾವಾಗಲೂ ಹೇಳೋದು, ಮೂಲ ಭಾಷೆಯಲ್ಲೇ ನೋಡಬೇಕು ಅಂತ" ಅಂದರು ಮ್ಯಾನೇಜರು.

ಎಲ್ಲರೂ ಕಣ್ಣೊರೆಸಿಕೊಂಡು, ಕುರ್ಚಿ ಮಡಿಸಿಟ್ಟು, ಹಗುರವಾಗಿ ಮೆಟ್ಟಿಲು ಹತ್ತಿದರು. ದೊಡ್ಡವನಿಂದ ಏಳು ತಿಂಗಳಾದರೂ ಒಂದು ಸುದ್ದಿ ಇಲ್ಲ. ಶಿಬಿರಗಳು ರಸ್ತೆಯ ಜೊತೆ ಮುಂದೆ ಮುಂದೆ ಹೋಗುತ್ತಿರುತ್ತವಂತೆ. ಅವನು ಹೇಳಿಹೋದ ಶಿಬಿರಕ್ಕೆ ನಾನು ಬರೆದ ಎರಡು ಕಾಗದಗಳು ವಿಳಾಸದಾರರಿಲ್ಲ ಎಂದು ಹಿಂದಿರುಗಿದವು. ಎರಡರ ಮೇಲೂ ವಿಳಾಸ ಬರೆದವನು ಕಿರಿಯವನೇ, ಅಕ್ಷರ ಮುತ್ತಿನಂತಿತ್ತು.

ಸಂಜೆ ನಾನು ಡಬ್ಬಿ ತೆಗೆದು ಮಡಿಲಲ್ಲಿಟ್ಟುಕೊಂಡೆ. ಅರವತ್ತೊಂದು. ಎಲ್ಲರದೂ ಇತ್ತು, ಅವನದು ಮಾತ್ರ ಇರಲಿಲ್ಲ. ಒಬ್ಬ ಹೊರಗೆ ಹೋಗಿದ್ದಾನೆ, ಇನ್ನೂ ಬಂದಿಲ್ಲ ಎಂಬುದು ಆ ಡಬ್ಬಿಗೂ ಗೊತ್ತಾಗುವಂತಿರಲಿಲ್ಲ. ಗೋಡೆಯ ಮೊಳೆಯಲ್ಲಿ ನೀಲಿ ಅಂಗಿ ತೂಗುತ್ತಿತ್ತು. ಕತ್ತರಿ ತಂದೆ.

ಬೆಳಿಗ್ಗೆ ಕಚೇರಿಗೆ ಹೊರಟವನು ಕನ್ನಡಿಯ ಮುಂದೆ ನಿಂತು ಕೂಗಿದ. "ಅಕ್ಕಾ! ನನ್ನ ಅಂಗೀದು ಮೇಲಿನ ಗುಂಡಿ ಎಲ್ಲಿ?"

"ಹೊರಗೆ ಹೋಗಿದೆ" ಅಂದೆ. "ಇನ್ನೂ ಬಂದಿಲ್ಲ."